ಮಳೆಗಾಲಕ್ಕೆ ಹಳೇ ಕುಸ್ತಿ: ಯಾವ ಆಟ, ಯಾವ ಪೆಟ್ಟಿಗೆ?

ಜೂನ್ ಬಂತೆಂದರೆ ನಮ್ಮ ಕಾಸರಗೋಡಿನ ಬದಿಯಡ್ಕದ ಕಡೆ ಎಲ್ಲರ ಬಾಯಲ್ಲೂ ಒಂದೇ ಪ್ರಶ್ನೆ: ಅಡಿಕೆಗೆ ಮದ್ದು ಬಿಟ್ಟಾಯಿತಾ? ಈಚೆಗೆ ನನಗೆ ಮಾತ್ರ ಇನ್ನೊಂದು ಪ್ರಶ್ನೆಯೂ ಬರುತ್ತಿದೆ. "ಆ ಹಳೇ ರೆಸ್ಲಿಂಗ್ ಗೇಮ್ ಉಂಟಲ್ಲ ಮಾರಾಯ, ಅದನ್ನು ಮತ್ತೆ ಆಡಬೇಕು. ಯಾವುದು ತೆಗೆದುಕೊಳ್ಳಲಿ?" ಕೇಳುವವರೆಲ್ಲ ಮೂವತ್ತೈದು ದಾಟಿದವರು. ಕುಂಬಳೆ, ಉಪ್ಪಳ, ಪೆರ್ಲದವರು. ಶಾಲೆಯ ಕೊನೆಯ ಬೆಂಚಿನಲ್ಲಿ ಟ್ರಂಪ್ ಕಾರ್ಡ್ ಆಡಿದವರು. ಟಿವಿ ಕುಸ್ತಿಯ ಅಂಡರ್‌ಟೇಕರ್‌ಗೆ ಏಳು ಜನ್ಮ ಉಂಟು ಎಂದು ನಂಬಿದ್ದವರು.

ಟಿವಿಗೆ ಜೋಡಿಸಿ ವಿಡಿಯೊ ಗೇಮ್ ಆಡುವ ಪ್ಲೇಸ್ಟೇಷನ್ ಊರಿನಲ್ಲಿ ಮೊದಲು ಕಂಡದ್ದು ಗಲ್ಫ್‌ನಿಂದ ಬಂದವರ ಮನೆಯಲ್ಲಿ. ನಮ್ಮಲ್ಲಿಗೂ ಹಾಗೆಯೇ ಬಂತು. ಮಾವ ದುಬೈಯಿಂದ ಬರುವಾಗ ಹಗ್ಗ ಬಿಗಿದ ರಟ್ಟಿನ ಪೆಟ್ಟಿಗೆಯಲ್ಲಿ ಟ್ಯಾಂಗ್ ಪುಡಿ, ನಿಡೋ ಡಬ್ಬಿ, ಅವುಗಳ ಮಧ್ಯೆ ಕಂಬಳಿ ಸುತ್ತಿದ ಒಂದು ಪ್ಲೇಸ್ಟೇಷನ್ 2. ಅದರ ಜೊತೆಗಿದ್ದ ಡಿಸ್ಕ್‌ಗಳಲ್ಲಿ ಒಂದು ಕುಸ್ತಿಯದ್ದು. ಚಾವಡಿಯಲ್ಲಿ ಹನ್ನೊಂದು ಮಕ್ಕಳು, ರಿಮೋಟ್ ಎರಡೇ. ಹಾಗಾಗಿ ನನ್ನ ಉತ್ತರದಲ್ಲಿ ಸ್ವಲ್ಪ ಪಕ್ಷಪಾತ ಇದ್ದೇ ಇರುತ್ತದೆ. ಮೊದಲೇ ಹೇಳಿಬಿಡುತ್ತೇನೆ.

ಯಾವ ಆಟ ಎನ್ನುವ ಮೊದಲು ನಾಲ್ಕು ವಿಷಯ ನೀವೇ ಯೋಚಿಸಿಕೊಳ್ಳಿ.

ಮೊದಲನೆಯದು, ನಿಮ್ಮ ಪಕ್ಕದಲ್ಲಿ ಕೂತು ಆಡುವವರು ಯಾರು? ನನ್ನ ಮಟ್ಟಿಗೆ ಇದೇ ದೊಡ್ಡ ಪ್ರಶ್ನೆ. ಒಬ್ಬರೇ ಆಡುವುದಾದರೆ ಒಂದು ಆಟ ಒಳ್ಳೆಯದು. ಅಣ್ಣತಮ್ಮಂದಿರು ಸೇರಿದರೆ ಇನ್ನೊಂದು. ಹತ್ತು ವರ್ಷದ ಮಗನ ಜೊತೆ ಆದರೆ ಮತ್ತೊಂದು. ಎರಡನೆಯದು, ಮನೆಯಲ್ಲಿ ಯಾವ ಟಿವಿ ಉಂಟು? ಹಳೇ ಡಬ್ಬ ಟಿವಿಯೋ, ಗೋಡೆಗೆ ನೇತು ಹಾಕಿದ ಎಲ್‌ಇಡಿಯೋ? ಸುಮ್ನೆ ಕೇಳುತ್ತಿಲ್ಲ, ಮುಂದೆ ಹೇಳುತ್ತೇನೆ. ಮೂರನೆಯದು, ಕೆಟ್ಟರೆ ಏನು ಮಾಡುತ್ತೀರಿ? ಕಾಸರಗೋಡಿನಲ್ಲಿ ವರ್ಷಕ್ಕೆ 3000 ಮಿಲಿಮೀಟರಿಗೂ ಜಾಸ್ತಿ ಮಳೆ. ಇಲ್ಲಿ ಕಬ್ಬಿಣಕ್ಕೆ ತುಕ್ಕು, ಡಿಸ್ಕಿಗೆ ಬೂಸು, ಕರೆಂಟಿಗೆ ಜ್ವರ. ನಾಲ್ಕನೆಯದು, ನಿಮಗೆ ನೆನಪಾಗುವ ಪೈಲ್ವಾನ್ ಯಾರು? ಸ್ಟೋನ್ ಕೋಲ್ಡಾ, ಜಾನ್ ಸೀನಾನಾ, ಖಲಿಯಾ? ಎಲ್ಲ ಆಟದಲ್ಲೂ ಎಲ್ಲರೂ ಸಿಗುವುದಿಲ್ಲ.

ದರ ನಾನು ಹೇಳುವುದಿಲ್ಲ. ಹಳೇ ಸಾಮಾನಿನ ದರ ಕೊಳ್ಳುವವನ ಮುಖ ನೋಡಿ ಏರುತ್ತದೆ. ಒಟ್ಟು ಲೆಕ್ಕ ಇಷ್ಟು: ಪ್ಲೇಸ್ಟೇಷನ್ 2 ಲೋಕದಲ್ಲಿ 15 ಕೋಟಿಗೂ ಹೆಚ್ಚು ಮಾರಾಟವಾದ ಪೆಟ್ಟಿಗೆ. ಹಾಗಾಗಿ ಹುಡುಕಿದರೆ ಸಿಗುತ್ತದೆ, ಬಿಡಿಭಾಗವೂ ಸಿಗುತ್ತದೆ. ಅಂಥದ್ದೇ ಇನ್ನೊಂದು ಪೆಟ್ಟಿಗೆ ನಿಂಟೆಂಡೊ 64 ನಮ್ಮ ಕಡೆ ಬಂದದ್ದೇ ಅಪರೂಪ. ಅದಕ್ಕೆ ಕೈ ಸ್ವಲ್ಪ ಬಿಚ್ಚಬೇಕು.

ನೋ ಮರ್ಸಿ, ನಿಂಟೆಂಡೊ 64

ರೆಸ್ಲಿಂಗ್ ಗೇಮ್ ಬಗ್ಗೆ ಮಾತಾಡುವ ಹಿರಿಯರು ಮೊದಲು ಎತ್ತುವ ಹೆಸರು ಇದು. 2000ದ ನವೆಂಬರ್‌ನಲ್ಲಿ ಬಂತು. ಮಾಡಿದ್ದು ಜಪಾನಿನ ಅಕಿ, ಹೊರತಂದದ್ದು ಟಿಎಚ್‌ಕ್ಯು. ಈ ಕುಸ್ತಿ ನಡೆಸುವ ಅಮೆರಿಕದ ಕಂಪೆನಿಗೆ ಆಗ ಇನ್ನೂ ಡಬ್ಲ್ಯುಡಬ್ಲ್ಯುಎಫ್ ಎಂದೇ ಹೆಸರು. ವನ್ಯಜೀವಿ ನಿಧಿಯವರ ಜೊತೆ ಕೋರ್ಟಿನಲ್ಲಿ ಸೋತು ಹೆಸರು ಡಬ್ಲ್ಯುಡಬ್ಲ್ಯುಇ ಆದದ್ದು 2002ರಲ್ಲಿ.

ಇದರ ಗುಟ್ಟು ಹಿಡಿತದಲ್ಲಿದೆ. ಎ ಬಟನ್ ಸ್ವಲ್ಪ ತಟ್ಟಿದರೆ ಸಡಿಲ ಹಿಡಿತ, ಒತ್ತಿ ಹಿಡಿದರೆ ಗಟ್ಟಿ ಹಿಡಿತ. ಯಾವುದನ್ನು ಹಿಡಿದಿರಿ, ಆಮೇಲೆ ಯಾವ ದಿಕ್ಕು ಒತ್ತಿದಿರಿ ಎನ್ನುವುದರ ಮೇಲೆ ಪಟ್ಟು ಬೀಳುತ್ತದೆ. ಶುರುವಿನಲ್ಲೇ ಗಟ್ಟಿ ಹಿಡಿತಕ್ಕೆ ಹೋದರೆ ಎದುರಾಳಿ ತಿರುಗಿಸಿ ಹೊಡೆಯುತ್ತಾನೆ. ಸಣ್ಣ ಪಟ್ಟಿನಿಂದ ಅವನನ್ನು ಸುಸ್ತು ಮಾಡಬೇಕು, ನಿಮ್ಮ ಉತ್ಸಾಹದ ಪಟ್ಟಿ ಏರಬೇಕು, ಕೊನೆಗೆ ದೊಡ್ಡ ಪಟ್ಟು. ಯಕ್ಷಗಾನ ನೋಡಿದವರಿಗೆ ಬೇಗ ಅರ್ಥವಾಗುತ್ತದೆ. ಚೆಂಡೆಯ ಕಾಲ ಏರದೆ ಯುದ್ಧದ ಕುಣಿತ ಬರುವುದಿಲ್ಲ, ಅಲ್ವಾ? ಹಾಗೆ.

ನಾಲ್ಕು ಜನ ಒಟ್ಟಿಗೆ ಆಡಲು ಇದರಷ್ಟು ಸಲೀಸಾದ್ದು ಇಲ್ಲ. ಪೆಟ್ಟಿಗೆಯಲ್ಲೇ ನಾಲ್ಕು ತೂತು, ನಾಲ್ಕು ರಿಮೋಟ್. ನಾಲ್ಕೂ ಜನ ರಿಂಗಿನಲ್ಲಿ ಸೇರಿದರೆ ಆಟ ಸ್ವಲ್ಪ ಎಳೆಯುತ್ತದೆ, ನಿಜ. ಆದರೆ ಬೊಬ್ಬೆಯಲ್ಲಿ ಅದು ಯಾರಿಗೂ ಗೊತ್ತಾಗುವುದಿಲ್ಲ. ಚಾಂಪಿಯನ್‌ಶಿಪ್ ಕಥೆಯೂ ಚೆನ್ನಾಗಿದೆ. ಸೋತರೆ ಆಟ ಮುಗಿಯುವುದಿಲ್ಲ, ಕಥೆ ಇನ್ನೊಂದು ದಾರಿ ಹಿಡಿಯುತ್ತದೆ.

ಮಳೆ ಊರಿಗೆ ಇದರ ಇನ್ನೊಂದು ಗುಣ, ಡಿಸ್ಕ್ ಇಲ್ಲ. ನಾವು ಚಿಕ್ಕಂದಿನಲ್ಲಿ ಹೇಳುತ್ತಿದ್ದಂತೆ ಹೇಳಿದರೆ, ಕ್ಯಾಸೆಟ್. ಬೂಸು ಹಿಡಿಯುವ ಭಯ ಕಡಿಮೆ, ಸವೆಯುವ ಲೇಸರ್ ಇಲ್ಲ, ಲೋಡ್ ಆಗುವುದಕ್ಕೆ ಕಾಯಬೇಕಾಗಿಲ್ಲ. ಓದದಿದ್ದರೆ ಲೋಹದ ಹಲ್ಲುಗಳನ್ನು ಸ್ಪಿರಿಟ್ ಹಾಕಿ ಒರೆಸಿ. ಬಾಯಿಂದ ಊದಬೇಡಿ. ಎಂಜಲು ತಾಗಿದರೆ ತುಕ್ಕಿಗೆ ಹಬ್ಬ. ನಿಂಟೆಂಡೊ 64ರ ರಿಮೋಟಿನಲ್ಲಿ ಮಧ್ಯದ ಕಡ್ಡಿ ಸವೆದು ಸಡಿಲವಾಗಿರುವುದು ತುಂಬಾ ಸಾಮಾನ್ಯ. ಈ ಆಟದಲ್ಲಿ ಪೈಲ್ವಾನನನ್ನು ನಡೆಸುವುದು ಎಡಗಡೆಯ ಕೂಡು ಚಿಹ್ನೆಯ (+) ಗುಂಡಿಯಿಂದ. ಕಡ್ಡಿ ಬೇಕಾಗುವುದು ಗತ್ತು ತೋರಿಸಲು ಮತ್ತು ಕೊನೆಯ ಪಟ್ಟಿಗೆ. ಹಾಗಾಗಿ ಕಡ್ಡಿ ಸವೆದ ರಿಮೋಟೂ ಇಲ್ಲಿ ನಡೆಯುತ್ತದೆ.

ಇನ್ನು ಎಚ್ಚರಿಕೆ. ಮೊದಲ ಕಂತಿನಲ್ಲಿ ಬಂದ ಕ್ಯಾಸೆಟ್‌ಗಳಲ್ಲಿ ಸೇವ್ ಮಾಡಿದ್ದು ತಾನಾಗಿ ಅಳಿಸಿಹೋಗುವ ದೋಷವಿತ್ತು. ಆಮೇಲಿನವುಗಳಲ್ಲಿ ಅದನ್ನು ಸರಿ ಮಾಡಿದರು, ಜೊತೆಗೆ ರಕ್ತ ಕಾಣಿಸುವುದನ್ನೂ ತೆಗೆದರು. ಕೊಳ್ಳುವ ಮೊದಲು ಸೇವ್ ಮಾಡಿ, ಆಫ್ ಮಾಡಿ, ಮತ್ತೆ ಹಾಕಿ ನೋಡಿ. ಒಂದು ಸಲಕ್ಕೆ ಗೊತ್ತಾಗದೆಯೂ ಇರಬಹುದು, ನಾಲ್ಕೈದು ಸಲ ನೋಡಿ. ಎರಡನೆಯ ಎಚ್ಚರಿಕೆ ಜಾಸ್ತಿ ದೊಡ್ಡದು. ಅಮೆರಿಕದಲ್ಲಿರುವ ಬಂಧು ತಂದುಕೊಟ್ಟ ಯಂತ್ರವಾದರೆ ಅದರ ಅಡಾಪ್ಟರ್ 120 ವೋಲ್ಟಿನದು. ನಮ್ಮ ಗೋಡೆಯ ಪ್ಲಗ್ಗಿಗೆ ನೇರವಾಗಿ ಹಾಕಿದರೆ ಹೊಗೆ ಬರುತ್ತದೆ, ಕುಸ್ತಿ ಅಲ್ಲಿಗೇ ಮುಗಿಯಿತು. ದುಬೈಯಿಂದ ಬಂದದ್ದಾದರೆ ಸಾಮಾನ್ಯವಾಗಿ ಈ ತಲೆನೋವಿಲ್ಲ, ಅಲ್ಲೂ ವೋಲ್ಟೇಜ್ ನಮ್ಮ ಹಾಗೆಯೇ.

ಸ್ಮ್ಯಾಕ್‌ಡೌನ್ 2, ಪ್ಲೇಸ್ಟೇಷನ್ 1

ಇದೂ 2000ದ ನವೆಂಬರ್‌ನದ್ದೇ. ಹೊರತಂದದ್ದೂ ಟಿಎಚ್‌ಕ್ಯು. ಮಾಡಿದವರು ಮಾತ್ರ ಬೇರೆ, ಯೂಕ್ಸ್ ಎಂಬ ಇನ್ನೊಂದು ಜಪಾನಿ ಕಂಪೆನಿ. ಆಟವೂ ಬೇರೆಯೇ ಜಾತಿ. ಇಲ್ಲಿ ಕಾಯುವ ಮಾತಿಲ್ಲ. ಓಡು, ಹಿಡಿ, ಎತ್ತಿ ಬಿಸಾಡು. ಲ್ಯಾಡರ್ ಉಂಟು, ಹೆಲ್ ಇನ್ ಎ ಸೆಲ್‌ನ ಪಂಜರ ಉಂಟು, ಶವಪೆಟ್ಟಿಗೆಯ ಪಂದ್ಯವೂ ಉಂಟು. ಹೊಸಬನ ಕೈಗೆ ರಿಮೋಟ್ ಕೊಟ್ಟರೆ ಐದು ನಿಮಿಷದಲ್ಲಿ ಕಲಿತು ನಿಮ್ಮನ್ನೇ ಹೊಡೆಯುತ್ತಾನೆ.

ಖರ್ಚು ತೀರಾ ಕಡಿಮೆ ಇರಬೇಕು ಎನ್ನುವವರಿಗೆ ಇದು. ಬೇರೆ ಯಂತ್ರವೂ ಬೇಡ, ಪ್ಲೇಸ್ಟೇಷನ್ 2ರಲ್ಲೇ ಪ್ಲೇಸ್ಟೇಷನ್ 1ರ ಡಿಸ್ಕ್ ಓಡುತ್ತದೆ. ಆದರೆ ಸೇವ್ ಮಾಡಲು ಹಳೇ ಮೆಮೊರಿ ಕಾರ್ಡ್ ಬೇಕು. 2ರ ಕಾರ್ಡಿನಲ್ಲಿ 1ರ ಆಟವನ್ನು ನೇರವಾಗಿ ಸೇವ್ ಮಾಡಲು ಆಗುವುದಿಲ್ಲ.

ಇದರ ಕಷ್ಟ ಒಂದೇ. ಲೋಡಿಂಗ್. ಸೀಸನ್, ಅಂದರೆ ಸಾಲು ಸಾಲು ಪಂದ್ಯಗಳ ಕಥೆ, ಆಡಲು ಕೂತರೆ ಆಡುವುದಕ್ಕಿಂತ ಕಾಯುವುದೇ ಜಾಸ್ತಿ ಎನಿಸುತ್ತದೆ. ಹಲಸಿನ ಹಪ್ಪಳ ಕಾಯಿಸಿ ತಂದು ತಿಂದು ಕೈ ತೊಳೆಯಬಹುದು. ಕೈ ತೊಳೆಯಿರಿ, ಎಣ್ಣೆ ಕೈಯಲ್ಲಿ ರಿಮೋಟ್ ಮುಟ್ಟಿದರೆ ಆಮೇಲೆ ಬಟನ್ ಅಂಟುತ್ತದೆ. ಒಬ್ಬರೇ ಸೀಸನ್ ಆಡುವ ಆಸೆ ಇದ್ದರೆ ಇದನ್ನು ಬಿಟ್ಟುಬಿಡಿ. ಇಬ್ಬರು ಕೂತು ಒಂದೊಂದೇ ಪಂದ್ಯ ಆಡುವುದಾದರೆ ಇವತ್ತಿಗೂ ಮಜಾ.

ಹಿಯರ್ ಕಮ್ಸ್ ದ ಪೇನ್, ಪ್ಲೇಸ್ಟೇಷನ್ 2

ಮಾವನ ಪೆಟ್ಟಿಗೆಯಲ್ಲಿ ಬಂದದ್ದು ಇದೇ. 2003ರ ಅಕ್ಟೋಬರಿನಲ್ಲಿ ಬಿಡುಗಡೆಯಾದ ಆಟ, ಮುಖಪುಟದಲ್ಲಿ ಬ್ರಾಕ್ ಲೆಸ್ನರ್. ಮಾಡಿದ್ದು ಯೂಕ್ಸ್, ಹೊರತಂದದ್ದು ಟಿಎಚ್‌ಕ್ಯು.

ಮೊದಲಿನ ಸ್ಮ್ಯಾಕ್‌ಡೌನ್ ಆಟಗಳ ವೇಗವನ್ನು ಉಳಿಸಿಕೊಂಡು, ಅದಕ್ಕೆ ಸ್ವಲ್ಪ ಬುದ್ಧಿ ಸೇರಿಸಿದ್ದು ಇದರ ಹೆಚ್ಚುಗಾರಿಕೆ. ಹಿಡಿತ ಒಂದೇ ಬಗೆಯಲ್ಲ. ಬಲದ್ದು, ವೇಗದ್ದು, ಬೀಗ ಹಾಕುವಂಥದ್ದು, ಆಯಾ ಪೈಲ್ವಾನನ ಸ್ವಂತ ಪಟ್ಟುಗಳದ್ದು, ಹೀಗೆ ನಾಲ್ಕು. ಪರದೆಯಲ್ಲಿ ಒಂದು ಪುಟ್ಟ ಮನುಷ್ಯನ ಚಿತ್ರ ಇರುತ್ತದೆ. ಕಾಲಿಗೆ ಹೊಡೆದರೆ ಕಾಲಿನ ಬಣ್ಣ ಬದಲಾಗುತ್ತದೆ, ತಲೆಗೆ ಹೊಡೆದರೆ ತಲೆಯದ್ದು. ನನ್ನ ದೊಡ್ಡಪ್ಪನ ಮಗನೊಬ್ಬ ಇದ್ದ. ಹತ್ತು ನಿಮಿಷ ಬರೀ ನನ್ನ ಎಡಗಾಲನ್ನೇ ತಿರುಚುತ್ತಿದ್ದ. ಕೊನೆಗೆ ಒಂದು ಬೀಗ ಹಾಕಿದರೆ ಮುಗಿಯಿತು, ನನ್ನ ದಿ ರಾಕ್ ಸೋಲೊಪ್ಪಿ ಕೈ ತಟ್ಟಿಬಿಡುತ್ತಿದ್ದ. ಈಗ ಅವನು ದಂತ ವೈದ್ಯ. ಗುಣ ಹಾಗೇ ಉಂಟು.

ಹೊಡೆತ ತಡೆಯಲು ಒಂದು ಬಟನ್, ಹಿಡಿತ ತಪ್ಪಿಸಲು ಇನ್ನೊಂದು. ಎಲ್2, ಆರ್2. ಸರಿಯಾದ ಕ್ಷಣದಲ್ಲಿ ಸರಿಯಾದ್ದನ್ನು ಒತ್ತಬೇಕು. ಈ ಕಾರಣಕ್ಕೇ ಟಿವಿಯ ಪ್ರಶ್ನೆ ಕೇಳಿದ್ದು. ಹಳೇ ಡಬ್ಬ ಟಿವಿಯಲ್ಲಿ ನೀವು ಒತ್ತಿದ್ದು ಆಗಿಂದಾಗ ಆಗುತ್ತದೆ. ಎಲ್‌ಇಡಿ ಟಿವಿ ಈ ಹಳೇ ಚಿತ್ರವನ್ನು ಹಿಗ್ಗಿಸಿ ತೋರಿಸಲು ಒಂದು ಚೂರು ಸಮಯ ತಿನ್ನುತ್ತದೆ. ಸಿನಿಮಾ ನೋಡುವಾಗ ಆ ಚೂರು ಗೊತ್ತಾಗುವುದಿಲ್ಲ. ಇಲ್ಲಿ ಅದೇ ಚೂರಿನಲ್ಲಿ ನೀವು ನೆಲದ ಮೇಲಿರುತ್ತೀರಿ. "ಮೊದಲಿನ ಹಾಗೆ ಆಡಲು ಆಗುವುದಿಲ್ಲ, ವಯಸ್ಸಾಯಿತು" ಎಂದು ಕೆಲವರು ಬೇಜಾರು ಮಾಡಿಕೊಳ್ಳುತ್ತಾರೆ. ವಯಸ್ಸಲ್ಲ ಮಾರಾಯ್ರೆ, ಟಿವಿ. ಸೆಟ್ಟಿಂಗ್‌ನಲ್ಲಿ ಗೇಮ್ ಮೋಡ್ ಹಾಕಿ. ಹಳದಿ ಪಿನ್ನಿನ ವಯರ್ ಬದಲು ಹಸಿರು, ನೀಲಿ, ಕೆಂಪು ಪಿನ್ನಿನ ಕಾಂಪೊನೆಂಟ್ ವಯರ್ ಸಿಕ್ಕಿದರೆ ಚಿತ್ರವೂ ಚೊಕ್ಕವಾಗುತ್ತದೆ. ಅಟ್ಟದಲ್ಲಿ ಡಬ್ಬ ಟಿವಿ ಇನ್ನೂ ಇದ್ದರೆ ಗುಜರಿಯವನಿಗೆ ಕೊಡಬೇಡಿ. ಇದೊಂದು ಮಾತು ಕೇಳಿ.

ಪೈಲ್ವಾನರ ಸಾಲು ನೋಡಿದರೆ ಬಾಯಲ್ಲಿ ನೀರು. ಸ್ಟೋನ್ ಕೋಲ್ಡ್, ರಾಕ್, ಗೋಲ್ಡ್‌ಬರ್ಗ್, ರೇ ಮಿಸ್ಟೀರಿಯೊ, ಎಡ್ಡಿ ಗೆರೆರೊ. ಇನ್ನೂ ಹುಡುಗನಾಗಿದ್ದ, ರ‍್ಯಾಪ್ ಹಾಡುತ್ತಿದ್ದ ಸೀನಾ. ಆಗಷ್ಟೇ ಬಂದಿದ್ದ ಬಟಿಸ್ಟ. ಹಳೇ ಕಾಲದ ರಾಡಿ ಪೈಪರ್, ಐರನ್ ಶೇಕ್ ಕೂಡ. ಎರಡು ಪೀಳಿಗೆ ಒಂದೇ ಡಿಸ್ಕಿನಲ್ಲಿ ಸಿಕ್ಕಿದ ಅಪರೂಪದ ಹೊತ್ತು ಅದು. ಆರು ಜನರನ್ನು ಕಬ್ಬಿಣದ ಪಂಜರದೊಳಗೆ ಕೂಡುವ ಎಲಿಮಿನೇಷನ್ ಚೇಂಬರ್ ಮೊದಲು ಬಂದದ್ದೂ ಈ ಆಟದಲ್ಲೇ.

ನಮಗೆ ಒಂದು ನಿರಾಸೆ ಆಗಿತ್ತು. ಅಂಡರ್‌ಟೇಕರ್ ಎಂದರೆ ನಮಗೆ ಟೋಪಿ, ಉದ್ದ ಕೋಟು, ಗಂಟೆಯ ಸದ್ದು, ಕತ್ತಲು. ಭೂತದ ಕೋಲ ನೋಡುವ ಊರಿನ ಮಕ್ಕಳಿಗೆ ಅವನು ಬೇಗ ಹತ್ತಿರವಾಗಿದ್ದ. ಇಲ್ಲಿ ನೋಡಿದರೆ ತಲೆಗೆ ಬಟ್ಟೆ ಕಟ್ಟಿಕೊಂಡು ಬೈಕಿನಲ್ಲಿ ಬರುತ್ತಾನೆ. ಹಳೇ ಅಂಡರ್‌ಟೇಕರ್ ಒಳಗೆ ಅಡಗಿದ್ದಾನೆ, ಆಡಿ ಬಿಡಿಸಿಕೊಳ್ಳಬೇಕು ಎಂದು ಗೊತ್ತಾಗುವಾಗ ಒಂದು ಇಡೀ ಮಳೆಗಾಲ ಕಳೆದಿತ್ತು. ನಿಮಗೆ ಈಗಲೇ ಹೇಳಿದ್ದೇನೆ, ಹುಡುಕಿಕೊಳ್ಳಿ.

ಕೊರತೆಗಳೂ ಇವೆ. ಕಾಮೆಂಟರಿ ಇಲ್ಲ. ಇದೇ ಸರಣಿಯಲ್ಲಿ ಇದಕ್ಕೆ ಹಿಂದೆ ಬಂದ ಎರಡು ಆಟದಲ್ಲಿದ್ದದ್ದನ್ನು ಇದರಲ್ಲಿ ತೆಗೆದುಬಿಟ್ಟರು. ನಮಗೆ ಅದು ಗೊತ್ತೇ ಆಗಲಿಲ್ಲ, ಕಾಮೆಂಟರಿ ಹೇಳಲು ಒಂಬತ್ತು ಮಕ್ಕಳು ಹಿಂದೆ ಕೂತಿರುತ್ತಿದ್ದರು, ಕನ್ನಡ, ತುಳು, ಮಲಯಾಳ ಮೂರರಲ್ಲೂ. ಒಬ್ಬರೇ ಕೂತು ಆಡಿದರೆ ಮಾತ್ರ ಮನೆ ಭಣಭಣ ಎನಿಸುತ್ತದೆ. ಸೀಸನ್ ಕಥೆಯಲ್ಲಿ ಮಾತೆಲ್ಲ ಬರಹದಲ್ಲೇ. ರಕ್ತ ಉಂಟು. ಹೆಂಗಸರ ಕೆಲವು ಪಂದ್ಯಗಳು ಇಂದಿನ ಕಣ್ಣಿಗೆ ಮುಜುಗರ. ಅಮ್ಮ ಚಾವಡಿಯಲ್ಲಿ ಬತ್ತಿ ಹೊಸೆಯುತ್ತಾ ಕೂತಿದ್ದರೆ ಆ ಮೆನುವಿನ ಹತ್ತಿರ ಹೋಗಬೇಡಿ. ಎರಡಕ್ಕಿಂತ ಜಾಸ್ತಿ ಜನ ಆಡಲು, ಹೆಚ್ಚು ರಿಮೋಟ್ ಸಿಕ್ಕಿಸುವ ಮಲ್ಟಿಟ್ಯಾಪ್ ಬೇಕು. ದಪ್ಪ ಯಂತ್ರದ ಹಳೇ ಮಲ್ಟಿಟ್ಯಾಪ್ ತೆಳ್ಳಗಿನದಕ್ಕೆ ಕೂರುವುದಿಲ್ಲ, ನೋಡಿ ಕೊಳ್ಳಿ.

ಸ್ಮ್ಯಾಕ್‌ಡೌನ್ ವರ್ಸಸ್ ರಾ 2006, ಪ್ಲೇಸ್ಟೇಷನ್ 2 ಮತ್ತು ಪಿಎಸ್‌ಪಿ

ರಾತ್ರಿ ಮಕ್ಕಳು ಮಲಗಿದ ಮೇಲೆ ಒಬ್ಬರೇ ಆಡುವವರಿಗೆ ನಾನು ಹೇಳುವುದು ಇದನ್ನು. ಇದರಲ್ಲಿ ಜನರಲ್ ಮ್ಯಾನೇಜರ್ ಎಂಬ ಆಟದೊಳಗಿನ ಆಟ ಉಂಟು. ನೀವು ಕುಸ್ತಿ ಆಡಲೇಬೇಕಾಗಿಲ್ಲ. ಟಿವಿ ಕಾರ್ಯಕ್ರಮಗಳಾದ ರಾ ಅಥವಾ ಸ್ಮ್ಯಾಕ್‌ಡೌನ್ ಒಂದನ್ನು ವಹಿಸಿಕೊಂಡು ಪೈಲ್ವಾನರ ಕರಾರು, ಖರ್ಚು, ಯಾರ ಮೇಲೆ ಯಾರನ್ನು ಬಿಡುವುದು ಎಲ್ಲ ನೋಡಿಕೊಳ್ಳಬೇಕು. ಎದುರು ತಂಡಕ್ಕಿಂತ ಜಾಸ್ತಿ ಜನ ನಿಮ್ಮ ಕಾರ್ಯಕ್ರಮ ನೋಡಬೇಕು. ಮೇಳ ನಡೆಸುವ ಯಜಮಾನರ ಕಷ್ಟ ಸುಮಾರಾಗಿ ಅರ್ಥವಾಗುತ್ತದೆ.

ಪೈಲ್ವಾನರು ರಿಂಗಿಗೆ ಬರುವ ಒಡ್ಡೋಲಗವೂ ಇದರಲ್ಲಿ ಭರ್ಜರಿ. ಕಾಮೆಂಟರಿ ಉಂಟು, ಕಥೆಯಲ್ಲಿ ಪೈಲ್ವಾನರ ಸ್ವಂತ ದನಿ ಉಂಟು. ಹೊಸದಾಗಿ ದಮ್ಮಿನ ಲೆಕ್ಕ ಸೇರಿಸಿದರು. ಎಡೆಬಿಡದೆ ಹೊಡೆದರೆ ನಿಮ್ಮ ಪೈಲ್ವಾನನೇ ಏದುಸಿರು ಬಿಡುತ್ತಾನೆ. ಇದರಿಂದ ಆಟ ನಿಧಾನವಾಯಿತು. ನಿಜವಾದ ಪಂದ್ಯದ ಹಾಗೆ ಇದೆ ಎಂದು ಕೆಲವರು ಮೆಚ್ಚುತ್ತಾರೆ. ಮಕ್ಕಳ ಜೊತೆ ಆಡಿದರೆ ಅವರು ಹತ್ತು ನಿಮಿಷಕ್ಕೆ ಎದ್ದು ಹೋಗುತ್ತಾರೆ. ನನ್ನ ಮಗ ಹೋದ. ಈ ಆಟ 2005ರ ನವೆಂಬರ್‌ನಲ್ಲಿ ಬಂತು, ಅದೇ ತಿಂಗಳು ಎಡ್ಡಿ ಗೆರೆರೊ ತೀರಿಕೊಂಡರು. ಇದರಲ್ಲಿ ಅವರನ್ನು ಆರಿಸಿಕೊಂಡಾಗಲೆಲ್ಲ ಒಂದು ಕ್ಷಣ ಕೈ ನಿಲ್ಲುತ್ತದೆ.

ಕೈಯಲ್ಲಿ ಹಿಡಿದು ಆಡುವ ಪಿಎಸ್‌ಪಿಯಲ್ಲಿ ಇದೇ ಮ್ಯಾನೇಜರ್ ಆಟ ಜೇಬಿನಲ್ಲಿ ಸಿಗುತ್ತದೆ. ಕಾಸರಗೋಡಿನಿಂದ ಮಂಗಳೂರಿಗೆ ದಿನಾ ರೈಲಿನಲ್ಲಿ ಹೋಗಿಬರುವವರಿಗೆ ಒಳ್ಳೆಯದು. ಕರೆಂಟು ಹೋದರೂ ಚಿಂತೆಯಿಲ್ಲ. ಆದರೆ ಒಂದೇ ಯಂತ್ರದಲ್ಲಿ ಇಬ್ಬರು ಆಡಲು ಆಗುವುದಿಲ್ಲ, ಜೊತೆಗಾರನ ಹತ್ತಿರವೂ ಇನ್ನೊಂದು ಇರಬೇಕು.

ಖಲಿಯೇ ಬೇಕು ಎನ್ನುವವರಿಗೆ ಒಂದು ಸಾಲು: ಅವನು ಡಬ್ಲ್ಯುಡಬ್ಲ್ಯುಇಗೆ ಬಂದದ್ದು 2006ರಲ್ಲಿ. ಈ ಆಟಗಳಲ್ಲಿ ಇಲ್ಲ. ಇದೇ ಸರಣಿಯ 2008 ಹುಡುಕಿ, ಅದೂ ಪ್ಲೇಸ್ಟೇಷನ್ 2ಕ್ಕೆ ಬಂದಿದೆ.

ಹಾಗಾದರೆ?

ಅಂಗಡಿಯಲ್ಲಿ ಇವು ಯಾವುದೂ ಹೊಸದಾಗಿ ಸಿಗುವುದಿಲ್ಲ. ಟಿಎಚ್‌ಕ್ಯು 2012ರ ಕೊನೆಗೆ ದಿವಾಳಿಯಾಯಿತು. ಪ್ಲೇಸ್ಟೇಷನ್ 2ರ ತಯಾರಿಯೂ ಹೆಚ್ಚುಕಡಿಮೆ ಅದೇ ಹೊತ್ತಿಗೆ ನಿಂತಿತು. ಹಾಗಾಗಿ ಎಲ್ಲವೂ ಸೆಕೆಂಡ್ ಹ್ಯಾಂಡ್.

ನನ್ನನ್ನು ಕೇಳಿದರೆ, ಜನ ಸೇರುವ ಮನೆಯಾದರೆ, ಹಣಕ್ಕೂ ತೊಂದರೆ ಇಲ್ಲದಿದ್ದರೆ ನೋ ಮರ್ಸಿ. ಆಟದ ಹದ ನೋಡಿದರೆ ನಾಲ್ಕರಲ್ಲಿ ಅದೇ ಮೇಲು, ನನಗೆ ಒಪ್ಪಿಕೊಳ್ಳಲು ಸ್ವಲ್ಪ ಹೊಟ್ಟೆಯುರಿ. ಇಬ್ಬರು ಆಡುವ ಮನೆಯಾದರೆ, ಒಂದೇ ಒಂದು ಆಟ ಕೊಳ್ಳುವುದಾದರೆ, ಹಿಯರ್ ಕಮ್ಸ್ ದ ಪೇನ್. ಒಬ್ಬರೇ ಆದರೆ 2006. ಪ್ಲೇಸ್ಟೇಷನ್ 2 ಈಗಾಗಲೇ ಅಟ್ಟದಲ್ಲಿದ್ದರೆ, ಜಾಸ್ತಿ ಖರ್ಚು ಮಾಡದೆ ಒಂದು ಸಂಜೆ ಕಳೆಯಲು ಸ್ಮ್ಯಾಕ್‌ಡೌನ್ 2.

ಯಂತ್ರವೇ ಬೇಡ, ಲ್ಯಾಪ್‌ಟಾಪ್ ಉಂಟು ಎನ್ನುವವರು ಪಿಸಿಎಸ್‌ಎಕ್ಸ್2 ನೋಡಬಹುದು. ಪ್ಲೇಸ್ಟೇಷನ್ 2ರ ಆಟವನ್ನು ಕಂಪ್ಯೂಟರಿನಲ್ಲಿ ಓಡಿಸುತ್ತದೆ, ಚಿತ್ರ ಮೊದಲಿಗಿಂತ ಚೊಕ್ಕ. ಆದರೆ ಅದಕ್ಕೆ ಬಯೋಸ್, ಅಂದರೆ ಯಂತ್ರದೊಳಗಿನ ಮೂಲ ತಂತ್ರಾಂಶ, ಬೇಕು, ಅದನ್ನು ನಿಮ್ಮದೇ ಯಂತ್ರದಿಂದ ತೆಗೆಯಬೇಕು. ಡಿಸ್ಕ್ ಕೂಡ ನಿಮ್ಮದಿರಬೇಕು. ಪಿಎಸ್‌ಪಿ ಆಟಕ್ಕೆ ಫೋನಿನಲ್ಲಿ ಪಿಪಿಎಸ್‌ಎಸ್‌ಪಿಪಿ ಉಂಟು, ಅದಕ್ಕೆ ಬಯೋಸ್ ಬೇಡ. ಗಾಜಿನ ಮೇಲೆ ಬೆರಳಿಟ್ಟು ಕುಸ್ತಿ ಆಡುವುದು ನನಗೆ ಸೇರುವುದಿಲ್ಲ. ಬ್ಲೂಟೂತ್ ರಿಮೋಟ್ ಸೇರಿಸಿದರೆ ಪರವಾಗಿಲ್ಲ.

ಪ್ಲೇಸ್ಟೇಷನ್ 2 ಕೊಳ್ಳುವವರಿಗೆ ನನ್ನ ಪೆಟ್ಟು ತಿಂದ ಬುದ್ಧಿ. ನಾನು ಎರಡನೇ ಸಲ ಕೊಂಡದ್ದು ಒಂದು ಅಂಗಡಿಯಿಂದ. ಆನ್ ಮಾಡಿ ತೋರಿಸಿದರು, ಮೆನು ಬಂತು, ಹಣ ಕೊಟ್ಟು ಬಂದೆ. ಮನೆಗೆ ಬಂದು ಡಿಸ್ಕ್ ಹಾಕಿದರೆ ಓದುವುದೇ ಇಲ್ಲ. ಲೇಸರ್ ಸತ್ತಿತ್ತು. ಮೆನು ಬರುವುದಕ್ಕೆ ಲೇಸರ್ ಬೇಡವೇ ಬೇಡ! ಹಾಗಾಗಿ ನಿಮ್ಮದೇ ಡಿಸ್ಕ್ ತೆಗೆದುಕೊಂಡು ಹೋಗಿ, ಒಂದು ಪಂದ್ಯ ಪೂರ್ತಿ ಆಡಿ ನೋಡಿ. ಡಿಸ್ಕಿನ ಪೆಟ್ಟಿಗೆಯಲ್ಲಿ ಪಾಲ್ (PAL, ಟಿವಿ ಚಿತ್ರದ ಒಂದು ಬಗೆ) ಎಂದು ಇದೆಯಾ ನೋಡಿಕೊಳ್ಳಿ. ನಮ್ಮ ಮತ್ತು ಗಲ್ಫ್‌ನ ಯಂತ್ರಗಳಿಗೆ ಅದೇ ಬೇಕು, ಅಮೆರಿಕದ ಡಿಸ್ಕ್ ಇವುಗಳಲ್ಲಿ ಓಡುವುದಿಲ್ಲ. ಡಿಸ್ಕನ್ನು ಮಧ್ಯದಿಂದ ಅಂಚಿಗೆ ಒರೆಸಿ, ಸುತ್ತ ತಿರುಗಿಸಿ ಒರೆಸಬೇಡಿ. ಆಟಿ ತಿಂಗಳಿನಲ್ಲಿ ಡಬ್ಬಿಯೊಳಗೆ ಸಿಲಿಕಾ ಜೆಲ್ ಪೊಟ್ಟಣ ಹಾಕಿಡಿ. ಹೊಸ ಚಪ್ಪಲಿಯ ಜೊತೆ ಬರುತ್ತದಲ್ಲ, ಅದೇ ಸಾಕು.

ಮತ್ತೆ, ರಿಮೋಟ್ ಎರಡು ಉಂಟಾ ಎಂದು ಕೇಳಿ. ಮಾರುವವರು ಹೆಚ್ಚಾಗಿ ಒಂದೇ ಕೊಡುತ್ತಾರೆ.